ಹಂಪಯ್ಯನ ಮೂರು ಮಾತು, ದೇವೀರಿಯ ನಲವತ್ತು ಅಂಗಿ

"ಕೇಳಿರಪ್ಪೋ ಕೇಳಿ! ಹೊರನಾಡಿನ ಹಗೆಯನ್ನು ಸೆರೆಯಿಂದ ಬಿಟ್ಟವನಿಗೆ ನೇಣು, ಇದು ನಾಡಿನ ಕಟ್ಟಳೆ. ದಳವಾಯಿ ಹಂಪಯ್ಯ ಹೊಳೆಯಾಚೆಯ ನಲವತ್ತು ಸೆರೆಯಾಳುಗಳನ್ನು ಬಿಟ್ಟಿದ್ದಾನೆ. ಸೋಮವಾರ ಅವನಿಗೆ ನೇಣು. ಅಷ್ಟರೊಳಗೆ ಅವನು ಒಡ್ಡಿದ ಮೂರು ಒಗಟು ಬಿಡಿಸಿದವರಿಗೆ, ಕಟ್ಟಳೆ ಮೀರದಂತೆ ಏನು ಕೇಳಿದರೂ ಕೊಡಲಾಗುವುದು. ತಪ್ಪು ಹೇಳಿದವರಿಗೆ ಅವನ ಪಕ್ಕದಲ್ಲೇ ಇನ್ನೊಂದು ಕುಣಿಕೆ!"

ಡಂಗುರ ಕೇಳಿ ಮಡಿವಾಳರ ದೇವೀರಿಯ ಕೈಯಲ್ಲಿದ್ದ ಬಟ್ಟೆ ಕಲ್ಲಿನ ಮೇಲೇ ಉಳಿಯಿತು. ಆ ನಲವತ್ತು ಜನರಲ್ಲಿ ಅವಳ ಗಂಡ ಕಾಳಿಂಗನೂ ಒಬ್ಬ. ಎರಡು ವರ್ಷದ ಹಿಂದೆ ರಾಣಿ ಗೌರಾಜಮ್ಮಣ್ಣಿಗೂ ಅವಳ ತಮ್ಮನಿಗೂ ಗದ್ದುಗೆಯ ಜಗಳ ಹತ್ತಿತು. ತಮ್ಮ ಹೊಳೆ ದಾಟಿದ. ಅವನ ಹಿಂದೆ ಊರಿನ ಅರ್ಧ ಗಂಡಸರು ದಾಟಿದರು. ಅಂದಿನಿಂದ ಆಚೆ ದಡದವರೆಲ್ಲ ಹಗೆಗಳು. ದೊಡ್ಡವರ ಜಗಳದಲ್ಲಿ ಬಡವರ ಮನೆ ಎರಡಾಗುವುದು ಹೊಸದೇನಲ್ಲ ಬಿಡಿ.

ಹಂಪಯ್ಯ ಹುಟ್ಟಾ ಸಿಪಾಯಿಯಲ್ಲ. ಮೊದಲು ನ್ಯಾಯಸ್ಥಾನದಲ್ಲಿ ಬಡವರ ಪರ ವಾದ ಮಾಡುತ್ತಿದ್ದ ವಕೀಲ. ಆಮೇಲೆ ಊರವರೇ ಅವನನ್ನು ಆರಿಸಿ, ಕಟ್ಟಳೆ ಬರೆಯುವ ಸಭೆಗೆ ಕಳಿಸಿದರು. ಯುದ್ಧ ಬಂದಾಗ ಲೇಖನಿ ಇಟ್ಟು ಕತ್ತಿ ಕಟ್ಟಿದ. ಈಗ ಅವನ ಕೊರಳಿಗೆ ಬಂದಿರುವ ಕಟ್ಟಳೆಯೂ ಅವನೇ ಬರೆದದ್ದು. ತಾನು ತೋಡಿದ ಹಳ್ಳಕ್ಕೆ ತಾನೇ ಬಿದ್ದ ಎಂದು ಊರೆಲ್ಲ ಆಡಿಕೊಂಡಿತು. "ಮೂರು ಕೆಲಸ ಮಾಡಿದೆಯಲ್ಲ, ಏನು ಕಲಿತೆ?" ಎಂದು ರಾಣಿ ಸಿಟ್ಟಿನಿಂದ ಕೇಳಿದ್ದಕ್ಕೆ ಅವನು ಮೂರು ಒಗಟು ಹೇಳಿ ಸುಮ್ಮನಾದ. ಅವನ್ನು ರಾಣಿಗೆ ಬಿಡಿಸಲಾಗಲಿಲ್ಲ. ಬಿಡಲೂ ಆಗಲಿಲ್ಲ.

ಭಾನುವಾರ ದೇವೀರಿ ದೊಡ್ಡದೊಂದು ಬಟ್ಟೆಗಂಟು ಹೊತ್ತು ಅರಮನೆಗೆ ಹೋದಳು. ಆಗಲೇ ಪಂಡಿತ ತಿರುಮಲಾಚಾರ್ಯರು ಶಲ್ಯ ಸರಿಪಡಿಸಿಕೊಂಡು ಎದ್ದು ನಿಂತಿದ್ದರು.

ಮಂತ್ರಿ ಮೊದಲನೆಯದನ್ನು ಓದಿದ: "ಮಾತು ಒಂದೇ. ಕೇಳಿದ ಇಬ್ಬರಲ್ಲಿ ಒಬ್ಬ ನಗುತ್ತಾನೆ, ಒಬ್ಬ ಅಳುತ್ತಾನೆ. ಹೇಳಿದವನು ಮಾತ್ರ ನಗಲೂಬಾರದು, ಅಳಲೂಬಾರದು. ಯಾವುದು?"

"ಸಾವಿನ ಸುದ್ದಿ! ಹಗೆ ನಗುತ್ತಾನೆ, ನಂಟ ಅಳುತ್ತಾನೆ," ಎಂದರು ಪಂಡಿತರು.

"ಸುದ್ದಿ ತಂದವನು ಅಳಬಾರದೆಂದು ಯಾವ ಶಾಸ್ತ್ರದಲ್ಲಿದೆ ಸ್ವಾಮಿ?" ಎಂದ ಬೇಡಿ ತೊಟ್ಟು ನಿಂತಿದ್ದ ಹಂಪಯ್ಯ. ಕಾವಲಿನವರು ಪಂಡಿತರನ್ನು ಎಳೆದೊಯ್ದರು. ಶಲ್ಯ ಅಲ್ಲೇ ಬಿತ್ತು.

ದಳವಾಯಿ ಪದವಿಯ ಮೇಲೆ ಕಣ್ಣಿಟ್ಟಿದ್ದ ಸರದಾರ ಬೊಪ್ಪರಸ ಮುಂದೆ ಬಂದ. ಮೊದಲನೆಯದರ ತಂಟೆ ಬೇಡ, ಎರಡನೆಯದು ಓದಿ ಎಂದ.

"ಕೈಯಿಲ್ಲ, ಹಿಡಿಯುತ್ತದೆ. ಬಾಯಿಲ್ಲ, ಊರೆಲ್ಲ ಅದರ ಮಾತು ಕೇಳುತ್ತದೆ. ಹುಟ್ಟಿಸಿದವನನ್ನೇ ಕಟ್ಟಿಹಾಕುತ್ತದೆ."

"ಹಗ್ಗ!"

"ಹಗ್ಗದ ಮಾತನ್ನು ದನ ಕೇಳಬಹುದು ಸರದಾರರೇ, ಊರು ಕೇಳುವುದಿಲ್ಲ," ಎಂದ ಹಂಪಯ್ಯ. ಬೊಪ್ಪರಸನೂ ಪಂಡಿತರ ದಾರಿ ಹಿಡಿದ.

ಆಮೇಲೆ ಯಾರೂ ಏಳಲಿಲ್ಲ. ದೇವೀರಿ ಗಂಟು ಕೆಳಗಿಟ್ಟು ಮುಂದೆ ಬಂದಳು.

"ನಾನು ಹೇಳ್ತೀನಿ ಅಮ್ಮಣ್ಣೋರೇ."

"ತಪ್ಪಿದರೆ ಏನೆಂದು ಗೊತ್ತೇನೇ?"

"ಗೊತ್ತು. ಮೊದಲ್ನೇದು ತೀರ್ಪು. ನಮ್ಮ ಒಗೆಯೋ ಕಟ್ಟೆ ಮುಚ್ಚಿಸ್ಬೇಕು ಅಂತ ಪಟೇಲರು ದಾವೆ ಹೂಡಿದ್ರಲ್ಲ, ನನ್ನ ಪರ ನಿಂತೋರು ಇದೇ ಹಂಪಯ್ಯನೋರು. ತೀರ್ಪು ಕೇಳಿ ನಾನು ನಕ್ಕೆ, ಪಟೇಲರು ಅತ್ತರು. ಹೇಳಿದ ನ್ಯಾಯಾಧೀಶರ ಮುಖ ಮಾತ್ರ ಕಲ್ಲಿನಂಗೇ ಇತ್ತು."

ಹಂಪಯ್ಯ ತಲೆಯಾಡಿಸಿದ.

"ಎರಡನೇದು ಕಟ್ಟಳೆ. ಹುಟ್ಟಿಸಿದೋನ್ನೇ ಕಟ್ಟಿಹಾಕಿರೋದು ಇಲ್ಲೇ ಎದುರಿಗೆ ಕಾಣ್ತಾ ಇದೆಯಲ್ಲ ತಾಯಿ."

ರಾಣಿಯೇ ಮೂರನೆಯದನ್ನು ಹೇಳಿದಳು: "ಬಿಸಿ ತಾಗಿದರೆ ಕಚ್ಚಿ ಹಿಡಿಯುತ್ತದೆ, ತಣ್ಣೀರು ತಾಗಿದರೆ ಬಿಟ್ಟುಕೊಡುತ್ತದೆ. ಹೊಳೆಯ ಈಚೆಯದಾಗಲಿ ಆಚೆಯದಾಗಲಿ, ಬಣ್ಣ ಒಂದೇ."

"ಅರಗು, ಅರಗು ಅನ್ನು," ಎಂದು ಹಿಂದಿನಿಂದ ಯಾರೋ ಪಿಸುಗುಟ್ಟಿದರು. ದೇವೀರಿ ತಿರುಗಿ ನೋಡಲಿಲ್ಲ. ಹದಿನೈದು ವರ್ಷದಿಂದ ಬಟ್ಟೆ ಒಗೆದ ಕೈ ಅವಳದು.

"ರಕ್ತದ ಕಲೆ ತಾಯಿ. ಗೊತ್ತಿಲ್ಲದೋರು ಬಿಸಿನೀರು ಹುಯ್ತಾರೆ, ಅದು ಜನ್ಮದಲ್ಲಿ ಹೋಗಲ್ಲ. ತಣ್ಣೀರಲ್ಲಿ ನೆನೆಹಾಕ್ಬೇಕು. ಎರಡು ದಡದೋರ ಅಂಗೀನೂ ಒಗೆದಿದೀನಿ. ಎರಡರ ನೀರೂ ಒಂದೇ ಕೆಂಪು."

"ಮೂರೂ ಸರಿ," ಎಂದ ಹಂಪಯ್ಯ.

"ಏನು ಬೇಕು ಕೇಳು," ಎಂದಳು ರಾಣಿ.

"ಇವರ ಜೀವ."

ರಾಣಿಯ ಮುಖ ಕಪ್ಪಿಟ್ಟಿತು. "ಕಟ್ಟಳೆ ಮೀರುವಂತಿಲ್ಲ ಎಂದು ಡಂಗುರದಲ್ಲೇ ಹೇಳಿದ್ದೇವೆ. ಹೊರನಾಡಿನ ಹಗೆಯನ್ನು ಬಿಟ್ಟವನಿಗೆ ನೇಣು. ಬೇರೆ ಕೇಳು."

"ಹೊರನಾಡಿನ ಹಗೆ ಅಂತ ತಾನೇ ಅಮ್ಮಣ್ಣೋರೇ?" ದೇವೀರಿ ಗಂಟು ಬಿಚ್ಚಿದಳು. "ಸೆರೆ ಹಿಡಿದ ದಿನ ಆ ನಲವತ್ತು ಜನದ ಅಂಗಿ ಬಿಚ್ಚಿಸಿ, ಒಗೆಯೋಕೆ ಅಂತ ನನಗೇ ಕೊಟ್ರಿ. ಒಂದೊಂದರ ಕೊರಳಪಟ್ಟಿನೂ ಮಗುಚಿ ನೋಡಿ. ಎಷ್ಟು ಒಗೆದ್ರೂ ಹೋಗದ ಕರಿಗೇರಿನ ರಸದಲ್ಲಿ ಹಾಕಿದ ಮೂರು ಚುಕ್ಕೆ. ಬಟ್ಟೆ ಅದಲುಬದಲಾಗಬಾರದು ಅಂತ ನಮ್ಮ ಕಟ್ಟೆಯೋರು ಹಾಕೋ ಗುರುತು. ಈ ಊರಿನ ಬಟ್ಟೆಗೆ ಬಿಟ್ಟು ಬೇರೆ ಊರಿನ ಬಟ್ಟೆಗೆ ನಾವು ಈ ಗುರುತು ಹಾಕೋಲ್ಲ. ಇವರು ಹೊರನಾಡಿನೋರು ಹೆಂಗಾದ್ರು? ಇದು ನನ್ನ ಗಂಡಂದು. ಇದು ನಿಮ್ಮ ಮಂತ್ರಿಗಳ ಅಳಿಯಂದು."

ಮಂತ್ರಿ ಅಂಗಿ ತೆಗೆದುಕೊಂಡ. ಕೊರಳಪಟ್ಟಿ ಮಗುಚಿ ಚುಕ್ಕೆಗಳನ್ನು ನೋಡಿದ.

"ಗುರುತು ಯಾರು ಬೇಕಾದರೂ ಹಾಕಬಹುದು," ಎಂದಳು ರಾಣಿ. ದನಿಯಲ್ಲಿ ಮೊದಲಿನ ಬಿಗಿ ಇರಲಿಲ್ಲ.

"ನಿಮ್ಮ ಸೆರಗಿನ ತುದಿ ನೋಡ್ಕೊಳ್ಳಿ ತಾಯಿ."

ರಾಣಿ ಸೆರಗು ಮಗುಚಿದಳು. ಜರಿಯ ಹಿಂದೆ, ಕಡಲೆಕಾಳಿಗಿಂತ ಚಿಕ್ಕದಾಗಿ, ಅವೇ ಮೂರು ಕಪ್ಪು ಚುಕ್ಕೆಗಳಿದ್ದವು. ಬಹಳ ಹೊತ್ತು ಅವನ್ನೇ ನೋಡಿದಳು. ತಮ್ಮನ ಚಿಕ್ಕಂದಿನ ಅಂಗಿಗಳೂ ಇದೇ ಗಂಟಿನಲ್ಲಿ ಬರುತ್ತಿದ್ದವು. ಅವಳಿಗೆ ಅಳು ಬಂತು. ರಾಣಿಯೆಂದು ತಡೆದುಕೊಳ್ಳಲಿಲ್ಲ.

"ಬೇಡಿ ಬಿಚ್ಚಿ," ಎಂದಳು. "ಒಳಗಿರುವ ಆ ಇಬ್ಬರನ್ನೂ ಬಿಡಿ. ಇನ್ನು ಯಾರಿಗೂ ನೇಣು ಬೇಡ."

ಹಂಪಯ್ಯ ಮಣಿಕಟ್ಟು ಉಜ್ಜಿಕೊಳ್ಳುತ್ತ ದೇವೀರಿಯ ಬಳಿ ಬಂದ. "ಇಪ್ಪತ್ತು ವರ್ಷ ವಾದ ಮಾಡಿದೆ ಕಣವ್ವ. ಇಂಥ ಸಾಕ್ಷಿ ನನಗೆ ಹೊಳೆಯಲೇ ಇಲ್ಲ."

"ನಿನಗೆಂದು ಏನೂ ಕೇಳಲಿಲ್ಲವಲ್ಲೇ," ಎಂದಳು ರಾಣಿ. "ಹೊನ್ನು ಬೇಕೆ, ಹೊಲ ಬೇಕೆ?"

ದೇವೀರಿ ಅಂಗಿಗಳನ್ನು ಒಂದೊಂದಾಗಿ ಮಡಿಸಿ ಗಂಟು ಕಟ್ಟುತ್ತಿದ್ದಳು. ಕಾಳಿಂಗನದನ್ನು ಎಲ್ಲದರ ಮೇಲಿಟ್ಟಳು.

"ಒಂದು ದೋಣಿ ಕೊಡಿ ತಾಯಿ. ಒಗೆದ ಬಟ್ಟೆನ ಉಡೋರ ಮನೆಗೆ ಮುಟ್ಟಿಸೋದು ನಮ್ಮ ಕಸುಬು."

ಮರುದಿನ, ನೇಣು ಹಾಕಬೇಕಿದ್ದ ಸೋಮವಾರ, ದೋಣಿ ಆಚೆ ದಡಕ್ಕೆ ಹೋಯಿತು. ಹುಟ್ಟು ಹಾಕಿದವನು ಹಂಪಯ್ಯ. ಹೋಗುವಾಗ ದೋಣಿಯಲ್ಲಿ ಅಂಗಿಗಳಿದ್ದವು. ಸಂಜೆಯೊಳಗೆ ನಾಲ್ಕು ಸಲ ಹೋಗಿ ಬಂತು. ಬರುವಾಗಲೆಲ್ಲ ಅಂಗಿಯೊಳಗೆ ಜನರಿದ್ದರು.