ಚುಟುಕಿ ಹಾಕಿದ ಆಣೆ

ಹೊಂಗೆ ಮರಗಳೇ ತುಂಬಿದ್ದ ಒಂದು ಕಾಡಿನಲ್ಲಿ ಚುಟುಕಿ ಎಂಬ ಅಳಿಲುಮರಿ ತನ್ನ ಅಮ್ಮನ ಜೊತೆ ಇದ್ದಳು. ಅಮ್ಮ, ಮಗಳು ಸೇರಿ ಅಜ್ಜಿಗೊಂದು ಹೊಸ ಗೂಡು ಕಟ್ಟುತ್ತಿದ್ದರು. ಅದು ಅಜ್ಜಿಗೆ ಮಾತ್ರ ಗೊತ್ತಿರಲಿಲ್ಲ. ಎಷ್ಟೇ ನಗು ಬಂದರೂ ಚುಟುಕಿ ಬಾಯಿ ಬಿಟ್ಟಿರಲಿಲ್ಲ. ಅವಳಿಗೆ ಅದೇ ದೊಡ್ಡ ಹೆಮ್ಮೆ.

ಒಂದು ಬೆಳಿಗ್ಗೆ ಕಾಡುಬೆಕ್ಕು ಕಳಿತ ಸೀತಾಫಲವೊಂದನ್ನು ಉರುಳಿಸಿಕೊಂಡು ಮರದ ಬುಡಕ್ಕೆ ಬಂತು.

"ತಿನ್ನು ಕಂದಾ, ನಾನು ನಿನ್ನ ಮಾವನ ಹಾಗೆ. ನಾಳೆ ಒಬ್ಬಳೇ ಹುತ್ತದ ಹಿಂದೆ ಬಾ, ಇನ್ನೂ ಬೇಕಾದಷ್ಟಿದೆ. ಆದರೆ ಇದು ನಮ್ಮಿಬ್ಬರ ಗುಟ್ಟು. ಎಲ್ಲಿ, ಅಮ್ಮನ ಮೇಲೆ ಆಣೆ ಹಾಕು!"

ಹಣ್ಣಿನ ಆಸೆಗೆ ಚುಟುಕಿ ಆಣೆ ಹಾಕಿಬಿಟ್ಟಳು.

ಬೆಕ್ಕು ಮೀಸೆ ತಿರುವಿತು. "ನೆನಪಿರಲಿ, ಬಾಯಿ ಬಿಟ್ಟರೆ ನಿಮ್ಮಮ್ಮ ಸತ್ತೇ ಹೋಗ್ತಾಳೆ."

ಆಮೇಲೆ ಚುಟುಕಿ ಆ ಹಣ್ಣನ್ನು ಅಲ್ಲೇ ಬಿಟ್ಟು ಗೂಡಿನ ಮೂಲೆ ಸೇರಿದಳು. ಅಜ್ಜಿಯ ಗೂಡಿನ ಗುಟ್ಟು ನೆನೆದರೆ ನಗು ಬರುತ್ತಿತ್ತು. ಇದನ್ನು ನೆನೆದರೆ ಅಮ್ಮನ ಮುಖ ನೋಡಲೂ ಹೆದರಿಕೆ. ಪಾಪ, ಅಷ್ಟು ಚಿಕ್ಕ ಜೀವಕ್ಕೆ ಅಷ್ಟು ದೊಡ್ಡ ಭಾರ! ಮಧ್ಯಾಹ್ನವಾದರೂ ಮೂಲೆ ಬಿಟ್ಟು ಏಳದ ಮಗಳನ್ನು ಕಂಡು ಅಮ್ಮ ಹತ್ತಿರ ಬಂದಳು.

"ಏನಾಯ್ತೇ ಪುಟ್ಟಿ?"

"ಹೇಳಿದ್ರೆ ನೀನು ಸತ್ತುಹೋಗ್ತೀಯ," ಎಂದು ಚುಟುಕಿ ಬಿಕ್ಕಿದಳು. "ಆಣೆ ಹಾಕಿದ್ದೀನಿ."

ಅಮ್ಮ ಅವಳನ್ನು ಬಾಲದಲ್ಲಿ ಸುತ್ತಿಕೊಂಡಳು. "ಹೆದರಿಸಿ ಹಾಕಿಸಿದ್ದು ಆಣೆಯೇ ಅಲ್ಲ ಕಣೇ. ಹೇಳು, ನಾನು ಇಲ್ಲೇ ಇರ್ತೀನಿ."

ಚುಟುಕಿ ಕಣ್ಣು ಬಿಗಿಯಾಗಿ ಮುಚ್ಚಿಕೊಂಡು ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದಳು. ಆಮೇಲೆ ಮೆಲ್ಲಗೆ ಒಂದು ಕಣ್ಣು ತೆರೆದಳು. ಅಮ್ಮ ಅಲ್ಲೇ ಇದ್ದಳು! ಕೋಪವನ್ನೂ ಮಾಡಿಕೊಂಡಿರಲಿಲ್ಲ. "ಹೇಳಿದ್ದು ಒಳ್ಳೇದಾಯ್ತು, ನನ್ನ ಬಂಗಾರ," ಎಂದು ತಲೆ ನೇವರಿಸಿದಳು.

ಅಮ್ಮ ಸುಮ್ಮನೆ ಕೂರುವವಳಲ್ಲ. ಮರದಿಂದ ಮರಕ್ಕೆ ಹಾರಿ ಕಾಗೆ, ಗೊರವಂಕ, ಮಂಗಗಳಿಗೆಲ್ಲ ಸುದ್ದಿ ಮುಟ್ಟಿಸಿದಳು. ಮರುದಿನ ಬೆಕ್ಕು ನಾಲಿಗೆ ಚಪ್ಪರಿಸುತ್ತಾ ಹುತ್ತದ ಹಿಂದೆ ಅಡಗಿ ಕೂತಿತ್ತು. ತಲೆಯ ಮೇಲೆ ಒಮ್ಮೆಗೇ ಗದ್ದಲ ಎದ್ದಿತು. ಕಾಗೆಗಳು ಕುಕ್ಕಿದವು. ಮಂಗಗಳು ಕಾಯಿ ಕಿತ್ತು ಎಸೆದವು. ಬೆಕ್ಕು ಯಾವ ಪೊದೆಗೆ ನುಗ್ಗಿದರೂ "ಇಲ್ಲಿದೆ, ಇಲ್ಲಿದೆ!" ಎಂಬ ಕೂಗು. ಅವಿತು ಬೇಟೆಯಾಡುವ ಪ್ರಾಣಿಗೆ ಇನ್ನು ಆ ಕಾಡಿನಲ್ಲಿ ಏನು ಸಿಕ್ಕೀತು? ಅದು ಕಾಲಿಗೆ ಬುದ್ಧಿ ಹೇಳಿತು.

"ಆಣೆ ಮುರಿದೆಯಲ್ಲೇ!" ಎಂದು ಓಡುತ್ತಲೇ ಅರಚಿತು.

ಚುಟುಕಿ ಕೊಂಬೆಯ ಮೇಲಿಂದ ಕೂಗಿ ಹೇಳಿದಳು: "ನಮ್ಮಮ್ಮ ಚೆನ್ನಾಗಿದ್ದಾಳೆ!"

ನೀತಿ: ಎಲ್ಲರಿಗೂ ಸಂತೋಷ ತರುವ ಗುಟ್ಟನ್ನು ಕಾಪಾಡಬಹುದು; ಆದರೆ ಹೆದರಿಕೆ ಹುಟ್ಟಿಸುವ ಗುಟ್ಟನ್ನು, ಎಂಥ ಆಣೆ ಹಾಕಿದ್ದರೂ, ನಂಬಿಕೆಯ ಹಿರಿಯರಿಗೆ ಕೂಡಲೇ ಹೇಳಬೇಕು.