ವೇದಾಂತಿಯ ಎಮ್ಮೆ

“ಗುರುಗಳೇ, ಹನ್ನೆರಡು ವರ್ಷ ನಿಮ್ಮ ಬಳಿ ವೇದಾಂತ ಓದಿದೆ. ನಿನ್ನೆ ಅಕ್ಕ ತೀರಿಕೊಂಡ ಸುದ್ದಿ ಬಂದಾಗ ಕೋಣೆಯಲ್ಲಿ ಕೂಸಿನಂತೆ ಅತ್ತೆ. ಓದಿದ್ದೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತಾಯಿತೇ?” ಎಂದು ಶಿಷ್ಯನು ಕೇಳಿದನು.

ಗುರುಗಳು ಒಂದು ಕತೆ ಹೇಳಿದರು.

ಒಂದು ನಾಟಕ ಕಂಪನಿಯಲ್ಲಿ ಒಬ್ಬ ನಟನಿದ್ದನು. ಅವನು ‘ವೇದಾಂತಿಯ ಎಮ್ಮೆ’ ಎಂಬ ನಗೆನಾಟಕ ಬರೆದು, ತಾನೇ ವೇದಾಂತಿಯಾದನು. ಆ ವೇದಾಂತಿ, ಹೆತ್ತವರನ್ನು ಕಳೆದುಕೊಂಡು ಬಂದವರಿಗೂ ‘ಅಳಬೇಡಿ, ಎಲ್ಲ ಮಾಯೆ’ ಎಂದು ಉಪದೇಶಿಸುತ್ತಾನೆ. ಕೊನೆಗೆ ತನ್ನ ಎಮ್ಮೆ ಸತ್ತಾಗ ತಾನೇ ಅಳುತ್ತಾನೆ. ಪುರಾಣ ಹೇಳುವುದಕ್ಕೆ, ಬದನೆಕಾಯಿ ತಿನ್ನುವುದಕ್ಕೆ ಎಂಬಂಥ ನಾಟಕ.

ಮೊದಲ ಮೂರು ಆಟ ಬಿದ್ದುಹೋದವು. ಪಂಡಿತರು ಸಿಟ್ಟಾಗಿ ಎದ್ದುಹೋದರು; ಉಳಿದವರು ಆಕಳಿಸಿದರು. ಮಾಲೀಕ ನಾಟಕ ನಿಲ್ಲಿಸಲು ಹೊರಟನು. ಆಗ ನಟನ ಹೆಂಡತಿ, “ಬರೇ ಕಣ್ಣೀರು ಹಿಂದ ಕುಂತವರಿಗೆ ಕಾಣೂದಿಲ್ರಿ. ನಮ್ಮವ್ವ ಸತ್ತಾಗ ನಾ ಹಾಡ್ಯಾಡಿ ಅತ್ತಿದ್ನಲ್ಲ, ಹಂಗ ಅಳ್ರಿ,” ಎಂದಳು.

ಆ ಸೀಮೆಯ ಹೆಣ್ಣುಮಕ್ಕಳು ಸತ್ತವರ ಗುಣಗಳನ್ನು ಹೇಳುತ್ತ, ರಾಗ ಎಳೆದು ಅಳುತ್ತಾರೆ. ಹೆಂಡತಿ ಒಲೆಯ ಮುಂದೆ ಕುಳಿತು ತನ್ನ ಅಳುವನ್ನು ಅವನಿಗೆ ಕಲಿಸಿದಳು. ಕಲಿಸುವಾಗ ತಾಯಿಯ ನೆನಪಾಗಿ ಅವಳ ಕಣ್ಣು ತುಂಬಿತು. ಅವನು ರಾಗದ ಕಡೆಗಷ್ಟೇ ಗಮನವಿಟ್ಟನು.

ನಾಲ್ಕನೆಯ ಆಟದಲ್ಲಿ ಅವನು ಬಟ್ಟೆಯ ಎಮ್ಮೆಯ ಕೊರಳು ತಬ್ಬಿ, ‘ಹೊತ್ತಹೊತ್ತಿಗೆ ಉಣಿಸಿದಾಕಿ, ನನ್ನ ಬಿಟ್ಟು ಎಲ್ಲಿ ಹೋದೇ’ ಎಂದು ರಾಗ ಎತ್ತಿದನು. ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ‘ವನ್ಸ್ ಮೋರ್’ ಎಂದು ಕೂಗಿದರು. ಕಂಪನಿಯ ಪದ್ಧತಿಯಂತೆ ಪರದೆ ಮತ್ತೆ ಎದ್ದಿತು, ಎಮ್ಮೆ ಮತ್ತೆ ಸತ್ತಿತು. ಇಪ್ಪತ್ತು ವರ್ಷ ನಾಟಕ ಊರೂರು ತಿರುಗಿತು. ಎದ್ದುಹೋಗಿದ್ದ ಪಂಡಿತರೂ ಮುಂದಿನ ಸಾಲಿನಲ್ಲಿ ಬಂದು ಕುಳಿತರು. ಕಳೆ ಕೀಳುವವರ ಬಾಯಲ್ಲೂ ಅದೇ ಅಳು.

ಮುಂದೆ ಆ ಹೆಂಡತಿ ಸತ್ತಳು. ನಟನ ಎದೆ ಒಡೆದುಹೋಯಿತು. ಹೆಣದ ಬಳಿ ಕುಳಿತು ಬಾಯಿ ತೆರೆದನು. ಅವನಿಗೆ ಬರುತ್ತಿದ್ದುದು ಒಂದೇ ಅಳು. ‘ಹೊತ್ತಹೊತ್ತಿಗೆ ಉಣಿಸಿದಾಕಿ...’ ಅಂಗಳದಲ್ಲಿ ಒಬ್ಬಳು ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಇನ್ನೊಬ್ಬ ಮುಖ ತಿರುಗಿಸಿದನು. ಆಮೇಲೆ ಯಾರಿಂದಲೂ ತಡೆಯಲಾಗಲಿಲ್ಲ. ಅಳಲು ಬಂದವರೆಲ್ಲ ನಕ್ಕರು. ಸತ್ತವಳ ತಮ್ಮ ಅವನ ಭುಜ ಹಿಡಿದು, “ಮಾವಾ, ಸಾಕ್ ಮಾಡ್ರಿ. ಮಂದಿ ನಗಾಕತ್ತಾರ,” ಎಂದನು.

ನಟನು ಬಾಯಿ ಮುಚ್ಚಿದನು. ಮಣ್ಣು ಕೊಡುವಾಗಲೂ ಅಳಲಿಲ್ಲ. ಮಾತನಾಡಿಸಲು ಬಂದವರು ಅವನ ಒಣಗಿದ ಕಣ್ಣು ನೋಡಿ, ‘ಇವನು ನಾಟಕದ ವೇದಾಂತಿಯಲ್ಲ, ನಿಜವಾದ ಜ್ಞಾನಿ’ ಎಂದು ಕಾಲಿಗೆ ಬಿದ್ದರು. ದಿನದಿನಕ್ಕೆ ಬೀಳುವವರು ಹೆಚ್ಚಿದರು. ಅವರೇ ಕೂಡಿ ಅವನಿಗೊಂದು ಆಶ್ರಮ ಕಟ್ಟಿಸಿಕೊಟ್ಟರು.

“ಆ ನಟ ಆಮೇಲಾದರೂ ಅತ್ತನೇ?” ಎಂದು ಶಿಷ್ಯನು ಕೇಳಿದನು.

“ಇಲ್ಲ ಮಗು, ನಿನ್ನೆ ನೀನು ಅಳುವಾಗ ನಿನ್ನ ಬಾಗಿಲ ಹೊರಗೆ ನಿಂತು ನಾನೂ ಅಳಲು ನೋಡಿದೆ, ಬರಲಿಲ್ಲ,” ಎಂದರು ಗುರುಗಳು.