ಕೆಲಸ ಹೋದ ಕುಟ್ಟಾಣಿ

"ಸುಮ್ಮನೆ ಬಿದ್ದಿರೋದು ನಿದ್ದೆಯಿಂದಲ್ಲಪ್ಪ, ಕೆಲಸ ಹೋಯ್ತು!" ಅಂತ ಎಲೆಸಂಚಿಯೊಳಗೆ ಕುಟ್ಟಾಣಿ ಸುಣ್ಣದ ಡಬ್ಬಿಗೆ ಗೊಣಗಿತು. ಪುಟ್ಟತಾಯಮ್ಮಜ್ಜಿಗೆ ಅವತ್ತು ಹಲ್ಲಿನ ಸೆಟ್ಟು ಬಂದಿತ್ತು.

"ಇನ್ನು ಅಡಿಕೆ ಅಗಿಯೋದು ನಾವು. ತಾವು ಅಟ್ಟ ಸೇರಬಹುದು," ಅಂದಿತ್ತು ಸೆಟ್ಟು.

ಮಧ್ಯಾಹ್ನ ಮನೆಯೆಲ್ಲ ಜೊಂಪಿನಲ್ಲಿ ತೇಲ್ತಿತ್ತು. ಅಜ್ಜಿ ಜಗಲಿ ಮೇಲೆ ಕಣ್ಮುಚ್ಚಿ ಸದ್ದಿಲ್ಲದೆ ಅಗೀತಾ ಕೂತಿದ್ರು. ಒಳಗೆ ಮಲಗಿದ್ದ ಸೊಸೆ ಸರ್ವಮಂಗಳಾ, ದಿನಾ ಕೇಳೋ ಟಣ್ ಟಣ್ ಸದ್ದೇ ಇಲ್ಲ ಅಂತ ಗಾಬರಿಯಾಗಿ ಓಡಿಬಂದು, "ಅತ್ತೇ!" ಅಂತ ಅಲ್ಲಾಡಿಸಿದ್ರು. ಅಜ್ಜಿ ಬೆಚ್ಚಿದ್ರು, ಸೆಟ್ಟು ಹಾರಿ ಪೀಕದಾನಿಗೆ ಬಿತ್ತು.

"ಹಲ್ಲು ಊಟಕ್ಕಿರಲಿ. ಎಲೆ ಅಡಿಕೆ ಕುಟ್ಕೊಂಡೇ ತಿನ್ನಿ ಅತ್ತೆ," ಅಂತ ಸೊಸೆ ಕುಟ್ಟಾಣಿ ತೆಗೆದು ಕೈಗಿಟ್ಟರು. ಟಣ್ ಟಣ್ ಶುರುವಾದ ಕೂಡಲೇ, ಒಳಗೆ ಹೋಗಿ ಮಲಗಿದ ಸೊಸೆಯ ಗೊರಕೆಯೂ ಶುರುವಾಯ್ತು.

ಬೀಗುತ್ತಾ ಸಂಚಿಗೆ ಮರಳಿದ ಕುಟ್ಟಾಣಿಗೆ ಸುಣ್ಣದ ಡಬ್ಬಿ ಹೇಳಿತು: "ಇಷ್ಟು ವರ್ಷ ಅಡಿಕೆ ಕುಟ್ತಿದ್ದೆ ಅಂದ್ಕೊಂಡಿದ್ಯಾ? ಜೋಗುಳ ಹಾಡ್ತಿದ್ದೆ ಕಣೋ."